ಡೈಲಾಗೆಲ್ಲಾ ಹಾಗೇ ಇಟ್ಕೊಂಡ್ರೆ ಆಪೆರಾ ಆಗುತ್ತಾ?

ಸರ್, ನಾಟಕದ ಮಾತಿಗೆಲ್ಲಾ ಹಾಗ್ಹಾಗೇ ಟ್ಯೂನ್ ಹಾಕಿದ್ರೆ ಆಪೆರಾ, ಅಂದ್ರೆ ಹಾಡಿನಲ್ಲೇ ನಡೆಯೋ ನಾಟಕ, ಆಗಲ್ವಾ ಅಂತ ಕೇಳಿದೀರಲ್ಲ, ಆಗಲ್ಲ, ಯಾಕಂದ್ರೆ ಆಡೋ ಮಾತನ್ನ ಹಾಡೋಕೆ ತುಂಬಾ ಹೊತ್ತು ಬೇಕು, ಬೆಳಗಾಗಿಬಿಡುತ್ತೆ. ಇಟಲಿಯ ಸಂಗೀತಗಾರ ವೆರ್ಡಿ 'ಒಥೆಲೊ' ನಾಟಕದಿಂದ ಮಾಡಿದ ಆಪೆರಾ 'ಒಟೆಲ್ಲೊ' ನೋಡಿ, 1887ರದ್ದು. ಸಾಹಿತ್ಯ ಬರೆದ ಬೊಯಿತೊ ಷೇಕ್ಸ್‌ಪಿಯರ್‌ನ ವೆನಿಸ್‌ನಲ್ಲಿ ನಡೆಯೋ ಮೊದಲ ಅಂಕವನ್ನೇ ಪೂರ್ತಿ ತೆಗೆದು ಸೀದಾ ಸೈಪ್ರಸ್‌ನ ಬಿರುಗಾಳಿಯಿಂದ ಶುರು ಮಾಡ್ತಾನೆ. ಆದ್ರೆ ಎಲ್ಲಾ ಬಿಸಾಕಿಲ್ಲ, ನಾಟಕದಲ್ಲಿ ಒಥೆಲೊ ಸೆನೆಟ್ (ವೆನಿಸ್‌ನ ಆಡಳಿತ ಸಭೆ) ಮುಂದೆ ನಂಗೂ ನನ್ನ ಹೆಂಡ್ತಿಗೂ ಪ್ರೀತಿ ಹೇಗಾಯ್ತು ಅಂತ ಹೇಳೋದೇ ಇಲ್ಲಿ ಗಂಡ ಹೆಂಡ್ತಿ ರಾತ್ರಿ ಹಾಡೋ ಡ್ಯುಯೆಟ್ ಆಗುತ್ತೆ, ಕೊನೇಲಿ ಅವನು ಮೂರು ಸಲ ಮುತ್ತು ಕೇಳ್ತಾನೆ. ಅದೇ ಸ್ವರ ಅವನು ಸಾಯೋವಾಗ ವಾಪಸ್ ಬರುತ್ತೆ, ನಂಗೆ ಪ್ರತಿ ಸಲ ಕಣ್ಣು ತುಂಬುತ್ತೆ. ನಿಮ್ಮ ನಾಟಕದಲ್ಲೂ ಮೊದ್ಲು ಅಂಥ ಒಂದು ಜಾಗ ಹುಡುಕಿ, ಕತ್ತರಿ ಆಮೇಲೆ ಹಿಡೀರಿ.