ಆ ಹೆಂಡತಿಯನ್ನು ಇನ್ನೊಂದು ಸಲ ನೋಡಿ

ನಮಸ್ಕಾರ. ಮೂಕಿ ಕಾಲದ ಗಂಡ-ಹೆಂಡತಿ ಕಾಮಿಡಿಗಳ ಬಗ್ಗೆ ನೀವು ಕಳಿಸಿದ ಲೇಖನ ಎರಡು ಸಲ ಓದಿದೆ. ಈಗಿರುವ ಹಾಗೆ ಹಾಕಲು ಆಗುವುದಿಲ್ಲ. ಆದರೆ ಕೈಬಿಡಲೂ ಮನಸ್ಸಿಲ್ಲ, ಅದಕ್ಕೇ ಇಷ್ಟುದ್ದ ಬರೆಯುತ್ತಿದ್ದೇನೆ.

ಹದಿನಾಲ್ಕು ಸಿನಿಮಾ, ಒಂದೊಂದಕ್ಕೆ ಎರಡೆರಡು ಸಾಲು. ಎಲ್ಲದರ ಕೊನೆಗೂ ಅದೇ ಮಾತು: ಜಗಳಗಂಟಿ ಹೆಂಡತಿ, ಪಾಪದ ಗಂಡ. ಇದನ್ನು ನಾನು ಒಪ್ಪುವುದಿಲ್ಲ. ನೀವೇ ಹೆಸರಿಸಿದ, ಬಸ್ಟರ್ ಕೀಟನ್ ಗಂಡನಾಗಿ ನಟಿಸಿದ 'ಒನ್ ವೀಕ್' (1920) ತೆಗೆದುಕೊಳ್ಳಿ. ಹೊಸ ಜೋಡಿಗೆ ಉಡುಗೊರೆಯಾಗಿ ಒಂದು ಮನೆಯೇ ಪೆಟ್ಟಿಗೆಗಳಲ್ಲಿ ಬರುತ್ತದೆ, ನಂಬರ್ ನೋಡಿಕೊಂಡು ಜೋಡಿಸಬೇಕು. ಆ ಹುಡುಗಿಯ ಮೇಲೆ ಆಸೆ ಇಟ್ಟಿದ್ದವನೊಬ್ಬ ಹೊಟ್ಟೆಕಿಚ್ಚಿಗೆ ನಂಬರ್‌ಗಳನ್ನೇ ಬದಲಾಯಿಸುತ್ತಾನೆ, ಮನೆ ಸೊಟ್ಟಪಟ್ಟ ಏಳುತ್ತದೆ. ಇಷ್ಟು ಹೇಳಿ ನೀವು ಮುಂದಿನ ಸಿನಿಮಾಗೆ ಹೋಗಿಬಿಟ್ಟಿರಿ. ಅದೇ ಮನೆಯ ಗೋಡೆ ಮೇಲೆ ಹೆಂಡತಿಯ ಪಾತ್ರ ಮಾಡಿದ ಸಿಬಿಲ್ ಸೀಲಿ ಎರಡು ಹೃದಯ ಬರೆಯುತ್ತಾಳೆ, ನೋಡಿದಿರಾ? ಅವಳ ಸ್ನಾನದ ದೃಶ್ಯ? ಸೋಪು ತೊಟ್ಟಿಯಿಂದ ಜಾರಿ ನೆಲಕ್ಕೆ ಬೀಳುತ್ತದೆ. ಎತ್ತಿಕೊಳ್ಳಬೇಕಾದರೆ ತೊಟ್ಟಿಯಿಂದ ಏಳಬೇಕು. ಅವಳು ನೇರ ಕ್ಯಾಮೆರಾ ಕಡೆ ನೋಡುತ್ತಾಳೆ, ಯಾರದೋ ಕೈ ಬಂದು ಲೆನ್ಸ್ ಮುಚ್ಚುತ್ತದೆ, ಕೈ ಸರಿಯುವಷ್ಟರಲ್ಲಿ ಕೆಲಸ ಮುಗಿದಿರುತ್ತದೆ. ಇಲ್ಲಿ ಜಗಳಗಂಟಿ ಎಲ್ಲಿದ್ದಾಳೆ? ಕೊನೆಗೆ ಹಳಿ ಮೇಲೆ ಸಿಕ್ಕಿಕೊಂಡ ಮನೆಗೆ ರೈಲು ಗುದ್ದಿ ಪುಡಿಪುಡಿ ಮಾಡಿದ ಮೇಲೂ, ಅಲ್ಲೊಂದು 'ಮಾರಾಟಕ್ಕಿದೆ' ಬೋರ್ಡ್ ಇಟ್ಟು ಇಬ್ಬರೂ ಜೊತೆಯಾಗಿ ನಡೆದು ಹೋಗುತ್ತಾರೆ.

ಸರಿ, ಗಂಡನ ಮೇಲೆ ಕಣ್ಣಿಡುವ ಹೆಂಡತಿಯೂ ಇದ್ದಾಳೆ. 'ಎ ಕ್ಯೂರ್ ಫಾರ್ ಪೋಕರೈಟಿಸ್' (1912) ಸಿನಿಮಾದಲ್ಲಿ ಜಾನ್ ಬನ್ನಿ ಇಸ್ಪೀಟು ಬಿಟ್ಟೆ ಅಂತ ಆಣೆ ಮಾಡಿ ಕದ್ದು ಆಡಲು ಹೋಗುತ್ತಾನೆ, ನಿದ್ದೆಯಲ್ಲಿ ಬಾಯಿಬಿಟ್ಟು ಸಿಕ್ಕಿಬೀಳುತ್ತಾನೆ. ಆಗ ಅವನ ಹೆಂಡತಿಯ ಪಾತ್ರದ ಫ್ಲೋರಾ ಫಿಂಚ್ ಕೂಗಾಡುತ್ತಾ ಕೂರುವುದಿಲ್ಲ. ತನ್ನ ಕಸಿನ್ ಕೈಲಿ ನಕಲಿ ಪೊಲೀಸ್ ದಾಳಿ ಮಾಡಿಸುತ್ತಾಳೆ. ಇಡೀ ಕಥೆ ತಿರುಗುವುದೇ ಅವಳ ಉಪಾಯದ ಮೇಲೆ. ಅವಳನ್ನು 'ಕಾಟ ಕೊಡುವ ಹೆಂಡತಿ' ಅಂತ ಒಂದೇ ಪದದಲ್ಲಿ ಮುಗಿಸಿದ್ದು ಅನ್ಯಾಯ ಅಲ್ವಾ?

ಚಾಪ್ಲಿನ್ ಬಗ್ಗೆ ಇರುವ ಪೀಠಿಕೆ ತೆಗೆಯಿರಿ, ಈ ಲೇಖನಕ್ಕೆ ಅದು ಬೇಡ. 'ಅದ್ಭುತ', 'ಅಮೋಘ' ಜಾಸ್ತಿ ಆಯ್ತು, ಅವನ್ನೂ ತೆಗೆಯಿರಿ. ಹನ್ನೆರಡು ಸಿನಿಮಾ ಬಿಡಿ, ಈ ಎರಡೇ ಇಟ್ಟುಕೊಳ್ಳಿ. ಗಂಡನ ಬೀಳುವಿಕೆ ಏಳುವಿಕೆ ನಿಮಗೆ ಈಗಾಗಲೇ ಬಾಯಿಪಾಠ, ಈ ಸಲ ಹೆಂಡತಿಯ ಕೈ ಏನು ಮಾಡುತ್ತಿದೆ, ಕಣ್ಣು ಎಲ್ಲಿದೆ ಅಂತ ನಿಲ್ಲಿಸಿ ನಿಲ್ಲಿಸಿ ನೋಡಿ, ಕಂಡದ್ದನ್ನು ಕಂಡ ಹಾಗೆ ಬರೆಯಿರಿ. 800 ಪದ ಸಾಕು. ಬರೆದು ನನಗೇ ಕಳಿಸಿ, ಬಂದ ದಿನವೇ ಓದುತ್ತೇನೆ.