ಜಪಾನಿನಿಂದ ಬಂದ ಹ್ಯಾಚ್‌ಬ್ಯಾಕ್: ಮೀಟರ್ ನೋಡಿ ಮರುಳಾಗಬೇಡಿ

ಈ ಸಲ ಬಂದ ಪ್ರಶ್ನೆಗಳಲ್ಲಿ ಹೆಚ್ಚಿನವು ನ್ಯೂಜಿಲೆಂಡಿನವು. ಅದು ಸಹಜ. ಅಲ್ಲೂ ನಮ್ಮ ಹಾಗೆ ರಸ್ತೆಯ ಎಡಬದಿಯಲ್ಲಿ ಓಡಿಸುತ್ತಾರೆ, ಜಪಾನಿನಲ್ಲೂ ಅಷ್ಟೇ. ಹಾಗಾಗಿ ಜಪಾನಿನವರು ಓಡಿಸಿ ಬಿಟ್ಟ ಕಾರುಗಳು ಹಡಗು ತುಂಬಿ ಅಲ್ಲಿಗೆ ಬರುತ್ತವೆ. ನಾನೂ ಅಲ್ಲಿ ಕೆಲವು ವರ್ಷ ಕಾರು ತಪಾಸಣೆ ಮಾಡಿದವನು. ಅಮೆರಿಕದಿಂದ ಒಂದು, ಬೆಂಗಳೂರಿನಿಂದ ಒಂದು ಪತ್ರವೂ ಇವೆ.

ಪ್ರಶ್ನೆ: ನಾವು ಆಕ್ಲೆಂಡ್‌ಗೆ ಬಂದು ಐದು ತಿಂಗಳಾಯಿತು. ಊರಲ್ಲಿ ಹೋಂಡಾ ಜಾಜ್ ಇತ್ತು. ಇಲ್ಲಿ ಎಲ್ಲಿ ನೋಡಿದರೂ ಟೊಯೊಟಾ ಆಕ್ವಾ, ಹೋಂಡಾ ಫಿಟ್. ಡೀಲರ್ ಒಬ್ಬರು 2014ರ ಆಕ್ವಾ ತೋರಿಸಿದರು. ಮೀಟರ್‌ನಲ್ಲಿ ಬರೀ 48,000 ಕಿ.ಮೀ. ಇಷ್ಟು ಕಡಿಮೆ ಓಡಿರೋದು ನಿಜವಾ? ಎರಡು ಮತ್ತು ಐದು ವರ್ಷದ ಮಕ್ಕಳಿದ್ದಾರೆ. ಯಾವುದನ್ನು ತಗೊಳ್ಳಲಿ?

ಉತ್ತರ: ಮೊದಲು ಒಂದು ಸಮಾಧಾನದ ಮಾತು. ಫಿಟ್ ನಿಮಗೆ ಹೊಸದಲ್ಲ. ಅದು ನಿಮ್ಮ ಜಾಜೇ. ಜಪಾನಿನಲ್ಲಿ ಹೆಸರು ಬೇರೆ, ಅಷ್ಟೇ.

48,000 ನಿಜ ಇರಬಹುದು. ಜಪಾನಿನ ಊರುಗಳಲ್ಲಿ ಕೆಲಸಕ್ಕೆ ರೈಲಲ್ಲಿ ಹೋಗುವವರು ಜಾಸ್ತಿ. ಕಾರು ವಾರಕ್ಕೊಮ್ಮೆ ಅಂಗಡಿಗೆ ಹೋಗಿ ಬಂದರೆ ಆಯಿತು. ಅಲ್ಲಿ ಶಾಕೆನ್ ಅಂತ ಕಡ್ಡಾಯ ತಪಾಸಣೆಯೂ ಇದೆ. ಹೊಸ ಕಾರಿಗೆ ಮೂರು ವರ್ಷಕ್ಕೆ, ಆಮೇಲೆ ಎರಡೆರಡು ವರ್ಷಕ್ಕೆ. ಅದರ ಜೊತೆ ತೆರಿಗೆ, ವಿಮೆ ಎಲ್ಲ ಸೇರಿ ಖರ್ಚು ಚೆನ್ನಾಗಿಯೇ ಬರುತ್ತದೆ. ಆ ದುಡ್ಡು ಸುರಿಯುವ ಬದಲು ಕಾರನ್ನೇ ಹರಾಜಿಗೆ ಕಳಿಸಿಬಿಡುತ್ತಾರೆ. ನಮ್ಮ ಕೈಗೆ ಒಳ್ಳೆಯ ಕಾರು ಬರುವುದು ಹೀಗೆ.

ಆದರೆ ಕಡಿಮೆ ಓಡಿದೆ ಅಂದ ಮಾತ್ರಕ್ಕೆ ಚೆನ್ನಾಗಿದೆ ಅಂತಲ್ಲ. ದಿನಾ ಎರಡು ಕಿ.ಮೀ. ಓಡಿ ಎಂಜಿನ್ ಬಿಸಿಯಾಗುವ ಮುಂಚೆ ನಿಂತ ಕಾರಿನ ಆಯಿಲ್ ಬೇಗ ಕೆಡುತ್ತದೆ. ರಬ್ಬರು, ಟೈರು, ಬ್ಯಾಟರಿ ಇವೆಲ್ಲ ಕಿಲೋಮೀಟರ್ ಲೆಕ್ಕದಲ್ಲಿ ಮಾತ್ರ ಅಲ್ಲ, ವರ್ಷದ ಲೆಕ್ಕದಲ್ಲೂ ಮುದಿಯಾಗುತ್ತವೆ. ಒಮ್ಮೆ 31,000 ಕಿ.ಮೀ. ಓಡಿದ ಒಂದು ಹ್ಯಾಚ್‌ಬ್ಯಾಕ್ ನನ್ನ ಮುಂದೆ ಬಂತು. ಬಣ್ಣ ಕನ್ನಡಿಯ ಹಾಗೆ. ಲಿಫ್ಟ್ ಮೇಲೆ ಎತ್ತಿದರೆ ಬ್ರೇಕ್ ಪೈಪು ತುಕ್ಕು, ಸಸ್ಪೆನ್ಶನ್ ತೋಳುಗಳು ತುಕ್ಕು. ಮೇಲೆಲ್ಲ ಥಳುಕು, ಒಳಗೆಲ್ಲ ಹುಳುಕು ಅಂತಾರಲ್ಲ, ಅದೇ. ಹೊಕ್ಕೈಡೋ ಮತ್ತು ಉತ್ತರದ ಹಿಮದ ಊರುಗಳಲ್ಲಿ ರಸ್ತೆಗೆ ಉಪ್ಪು ಸುರಿಯುತ್ತಾರೆ. ಆ ಕಾರು ಅಲ್ಲಿಂದ ಬಂದದ್ದು. ಕೊಳ್ಳಲು ಬಂದವರು ಮುಂಗಡ ಕೊಟ್ಟಾಗಿತ್ತು. ಅದನ್ನು ವಾಪಸ್ ತರಲು ಅವರಿಗೆ ಎರಡು ತಿಂಗಳು ಹಿಡಿಯಿತು.

ಆದ್ದರಿಂದ ಕಾರಿಗಿಂತ ಮುಂಚೆ ಕಾಗದ ಕೇಳಿ. ಜಪಾನಿನ ಹರಾಜಿನಲ್ಲಿ ಪ್ರತಿ ಕಾರಿಗೂ ಒಂದು ತಪಾಸಣೆ ಹಾಳೆ ಬರೆಯುತ್ತಾರೆ. ಡೀಲರ್ ಹತ್ತಿರ ಅದರ ಪ್ರತಿ ಇರುತ್ತದೆ ಅಥವಾ ತರಿಸಿಕೊಡಬಹುದು. ಮೇಲ್ಗಡೆ ಮೂಲೆಯಲ್ಲಿ ಗ್ರೇಡ್ ಇರುತ್ತದೆ. 4 ಅಥವಾ 4.5 ಇದ್ದರೆ ಒಳ್ಳೆಯದು. 3.5 ಅಂದರೆ ಗೀರು, ಗುಳಿ ಇವೆ ಅಂತ. ಬೆಲೆ ಸರಿಯಿದ್ದರೆ ಅದೂ ಪರವಾಗಿಲ್ಲ. 'ಆರ್' ಅಂತ ಇದ್ದರೆ ಅಪಘಾತವಾಗಿ ಒಳಗಿನ ಚೌಕಟ್ಟು ರಿಪೇರಿ ಆಗಿದೆ ಅಂತ ಅರ್ಥ. ಇದನ್ನು ಜಪಾನಿಯಲ್ಲಿ ಶೂಫುಕುರೆಕಿ ಅನ್ನುತ್ತಾರೆ. ಕೆಳಗೆ ಕಾರಿನ ಚಿತ್ರದ ಮೇಲೆ ಅಕ್ಷರಗಳಿರುತ್ತವೆ. 'ಎ' ಅಂದರೆ ಗೀರು, 'ಯು' ಅಂದರೆ ಗುಳಿ, 'ಡಬ್ಲ್ಯು' ಅಂದರೆ ರಿಪೇರಿ ಮಾಡಿದ ಜಾಗ. ಗೀರು, ಗುಳಿಗೆ ತಲೆ ಕೆಡಿಸಿಕೊಳ್ಳಬೇಡಿ. 'ಎಸ್' ಮತ್ತು 'ಸಿ' ಹುಡುಕಿ. ಇವು ತುಕ್ಕಿನ ಗುರುತು. ಮೀಟರ್ ಸಂಖ್ಯೆಯನ್ನು ಈ ಹಾಳೆಯ ಜೊತೆಗೂ ಜಪಾನಿನ ರಫ್ತು ಪತ್ರದ ಜೊತೆಗೂ ಹೋಲಿಸಿ ನೋಡಿ. ರಫ್ತು ಪತ್ರದಲ್ಲಿ ಶಾಕೆನ್ ಸಮಯದ ಕಿಲೋಮೀಟರ್ ನಮೂದಾಗಿರುತ್ತದೆ. ಹಾಳೆ ಕೇಳಿದಾಗ ಡೀಲರ್ ಮಾತು ಬದಲಿಸಿದರೆ, ನೀವು ಅಂಗಡಿ ಬದಲಿಸಿ.

ಇನ್ನು ಆಕ್ವಾನಾ, ಫಿಟ್ಟಾ? ಆಕ್ವಾ 1.5 ಲೀಟರ್ ಹೈಬ್ರಿಡ್, ಅಂದರೆ ಪೆಟ್ರೋಲ್ ಎಂಜಿನ್ ಜೊತೆ ವಿದ್ಯುತ್ ಮೋಟಾರೂ ಇದೆ. ಲೀಟರಿಗೆ 20 ಕಿ.ಮೀ.ಗಿಂತ ಜಾಸ್ತಿ ಸಲೀಸಾಗಿ ಕೊಡುತ್ತದೆ. ಟ್ಯಾಕ್ಸಿಯವರು ಸುಮ್ನೆ ಅದರ ಹಿಂದೆ ಬಿದ್ದಿಲ್ಲ. ಅದರ ದೊಡ್ಡ ಬ್ಯಾಟರಿ ಹಿಂದಿನ ಸೀಟಿನ ಕೆಳಗಿದೆ. ಅದನ್ನು ತಂಪಾಗಿಡಲು ಒಂದು ಫ್ಯಾನು ಕಾರಿನ ಒಳಗಿನ ಗಾಳಿಯನ್ನೇ ಎಳೆಯುತ್ತದೆ. ಗಾಳಿ ಹೋಗುವ ಕಿಂಡಿ ಸೀಟಿನ ಕೆಳಬದಿಯಲ್ಲಿದೆ. ಎರಡು ವರ್ಷದ ಮಗು ಕೂರುವ ಜಾಗದಲ್ಲಿ ಬಿಸ್ಕತ್ತಿನ ಪುಡಿ, ಚಕ್ಕುಲಿ ಚೂರು ಎಲ್ಲಿಗೆ ಹೋಗುತ್ತವೆ ಅಂತ ನಾನು ಹೇಳಬೇಕಾಗಿಲ್ಲ. ಕಿಂಡಿ ಕಟ್ಟಿಕೊಂಡರೆ ಬ್ಯಾಟರಿ ಬಿಸಿಯಾಗುತ್ತದೆ, ಆಯುಸ್ಸು ಇಳಿಯುತ್ತದೆ. ಹತ್ತು ವರ್ಷ ದಾಟಿದ ಆಕ್ವಾ ಕೊಂಡರೆ ಮೊದಲ ದಿನವೇ ಆ ಕಿಂಡಿ, ಫ್ಯಾನು ಕ್ಲೀನ್ ಮಾಡಿಸಿ. ಕೊಳ್ಳುವ ಮುಂಚೆ ಹೈಬ್ರಿಡ್ ಬ್ಯಾಟರಿಯ ಪರೀಕ್ಷೆಯನ್ನೂ ಮಾಡಿಸಿ.

ಆಕ್ವಾಗೆ ಇನ್ನೊಂದು ಕಾಟವಿದೆ. ನ್ಯೂಜಿಲೆಂಡಿನಲ್ಲಿ ಅತಿ ಹೆಚ್ಚು ಕಳುವಾಗುವ ಕಾರುಗಳ ಪಟ್ಟಿಯಲ್ಲಿ ಅದು ಮೇಲೆಯೇ ಇದೆ. ಮಜ್ದಾ ಡೆಮಿಯೋ ಕೂಡ ಅದರ ಜೊತೆಗಿದೆ. ಜಪಾನಿನಲ್ಲಿ ಕಳ್ಳತನ ಕಡಿಮೆ ಅಂತ ಹಲವು ಅಗ್ಗದ ಮಾದರಿಗಳಿಗೆ, ಅಸಲಿ ಕೀ ಇಲ್ಲದೆ ಎಂಜಿನ್ ಸ್ಟಾರ್ಟ್ ಆಗದಂತೆ ತಡೆಯುವ ಇಮೊಬಿಲೈಸರ್ ಹಾಕಿಯೇ ಇಲ್ಲ. ತಗೊಂಡರೆ ಅದನ್ನು ಹಾಕಿಸಿ, ಸ್ಟೀರಿಂಗ್‌ಗೆ ಕಬ್ಬಿಣದ ಲಾಕ್ ಕೂಡ ಇರಲಿ. ವಿಮೆ ಕಂಪನಿಗೆ ಮೊದಲೇ ಫೋನ್ ಮಾಡಿ ಕೇಳಿ. ನಮ್ಮಲ್ಲಿ ಥರ್ಡ್ ಪಾರ್ಟಿ ವಿಮೆ ಕಡ್ಡಾಯ, ಅಲ್ಲಿ ಅಲ್ಲ. ಅಪಘಾತದಲ್ಲಿ ಆದ ಗಾಯವನ್ನು ಸರ್ಕಾರದ ಎಸಿಸಿ ವ್ಯವಸ್ಥೆ ನೋಡಿಕೊಳ್ಳುತ್ತದೆ, ಎದುರಿನ ಕಾರಿಗೆ ಆದ ನಷ್ಟವನ್ನಲ್ಲ. ಕಡ್ಡಾಯ ಇಲ್ಲ ಅಂತ ಬಿಟ್ಟು, ಯಾರದ್ದೋ ಹೊಸ ಕಾರಿಗೆ ಗುದ್ದಿ ಸಾಲ ಮಾಡಿದವರನ್ನು ನೋಡಿದ್ದೇನೆ.

ಎರಡು ಮಕ್ಕಳ ಸೀಟು ಹಾಕುವ ಮನೆಗೆ ನನ್ನ ಓಟು ಫಿಟ್‌ಗೆ. ಪೆಟ್ರೋಲ್ ಟ್ಯಾಂಕು ಮುಂದಿನ ಸೀಟಿನ ಕೆಳಗಿರುವುದರಿಂದ ಹಿಂದೆ ಜಾಗ ಚೆನ್ನಾಗಿದೆ. ಆದರೆ 1.3 ಲೀಟರ್ ಪೆಟ್ರೋಲ್, ಸಿವಿಟಿ (ಬೆಲ್ಟ್ ಮೇಲೆ ನಡೆಯುವ ಆಟೋಮ್ಯಾಟಿಕ್ ಗೇರ್‌ಬಾಕ್ಸ್) ಇರುವುದನ್ನು ನೋಡಿ. 2013ರಲ್ಲಿ ಬಂದ ಫಿಟ್ ಹೈಬ್ರಿಡ್‌ನಲ್ಲಿ ಎರಡು ಕ್ಲಚ್ಚಿನ ಏಳು ಗೇರಿನ ಪೆಟ್ಟಿಗೆ ಇತ್ತು. ಸುಮಾರು ಒಂದು ವರ್ಷದಲ್ಲಿ ಐದು ಸಲ ರಿಕಾಲ್ ಆಯಿತು, ಅಂದರೆ ದೋಷ ಸರಿಪಡಿಸಲು ಕಂಪನಿಯೇ ಕಾರುಗಳನ್ನು ವಾಪಸ್ ಕರೆಸಿತು. ಹೋಂಡಾದ ಹಿರಿಯ ಅಧಿಕಾರಿಗಳು ಸಂಬಳ ಕಡಿತ ಮಾಡಿಕೊಂಡದ್ದು ಆಗಲೇ. ಮೊದಲ ವರ್ಷಗಳ ಆ ಹೈಬ್ರಿಡ್ ಬೇಡ.

ಸಿವಿಟಿ ನೋಡುವ ವಿಧಾನ ಇಷ್ಟೇ. ಎಂಜಿನ್ ತಣ್ಣಗಿರುವಾಗ ಬರುತ್ತೇನೆ ಅಂತ ಹೇಳಿ ಹೋಗಿ. ಬಾನೆಟ್ ಮುಟ್ಟಿ ನೋಡಿ. ಬೆಚ್ಚಗಿದ್ದರೆ ಏನೋ ಮುಚ್ಚಿಡಲು ಮೊದಲೇ ಸ್ಟಾರ್ಟ್ ಮಾಡಿರಬಹುದು. ಮೆಲ್ಲಗೆ ಹೊರಡುವಾಗ ಕಾರು ನಡುಗಿದರೆ ಆಯಿಲ್ ಬದಲಿಸಬೇಕು, ಇಲ್ಲವೇ ಪೆಟ್ಟಿಗೆಯೇ ಸವೆದಿದೆ. 2013ಕ್ಕಿಂತ ಹಳೆಯ ಫಿಟ್‌ಗೆ ಹೋಂಡಾದ ಎಚ್‌ಎಂಎಂಎಫ್, ಆಮೇಲಿನದಕ್ಕೆ ಎಚ್‌ಸಿಎಫ್-2 ಅನ್ನುವ ಆಯಿಲ್ಲೇ ಬೇಕು. 'ಎಲ್ಲಕ್ಕೂ ಆಗುತ್ತೆ' ಅನ್ನುವ ಡಬ್ಬಿಯನ್ನು ಹತ್ತಿರ ಸೇರಿಸಬೇಡಿ.

ಮಕ್ಕಳ ಸೀಟಿನ ಮೇಲಿನ ಪಟ್ಟಿ ಕಟ್ಟುವ ಟೆದರ್ ಕೊಂಡಿ ಹಿಂದೆ ಇದೆಯಾ ಅಂತ ಕೈ ಹಾಕಿ ನೋಡಿ.

ನೋಂದಾಯಿತ ಡೀಲರ್ ಹತ್ತಿರ ಕೊಂಡರೆ 1993ರ ಗ್ರಾಹಕ ಖಾತರಿ ಕಾಯ್ದೆ ನಿಮ್ಮ ಬೆನ್ನಿಗಿದೆ. ಜಗಳವಾದರೆ ಮೋಟಾರು ವಾಹನ ವಿವಾದ ನ್ಯಾಯಮಂಡಳಿಗೆ ಹೋಗಬಹುದು. ಕಾರಿನ ಗಾಜಿಗೆ ಅಂಟಿಸಿದ ಮಾಹಿತಿ ಕಾರ್ಡಿನಲ್ಲಿ, ಹಾನಿಯಾದ ಸ್ಥಿತಿಯಲ್ಲಿ ಆಮದಾದದ್ದಾ ಅನ್ನುವ ಸಾಲಿದೆ. ಅದನ್ನು ಓದಿ. ಖಾಸಗಿಯವರಿಂದ ಕೊಂಡರೆ ಈ ಕಾಯ್ದೆಯ ರಕ್ಷಣೆ ಇಲ್ಲ. ಕಾರಿನ ಮೇಲೆ ಸಾಲ ಇದೆಯಾ ಅಂತಲೂ ನೀವೇ ಪರೀಕ್ಷಿಸಬೇಕು. ಕಾರು ಕೈಗೆ ಬರುವಾಗ ಫಿಟ್‌ನೆಸ್ ವಾರಂಟ್ (ಕಾರು ಓಡಿಸಲು ಸುರಕ್ಷಿತ ಅನ್ನುವ ತಪಾಸಣೆ ಪತ್ರ) ಒಂದು ತಿಂಗಳಿಗಿಂತ ಹಳೆಯದಾಗಿರಬಾರದು. 'ಇದ್ದ ಹಾಗೇ ಒಪ್ಪಿದ್ದೇನೆ' ಅನ್ನುವ ಕಾಗದಕ್ಕೆ ಸಹಿ ಕೇಳಿದರೆ, ಸಹಿ ಹಾಕದೆ ಮನೆಗೆ ಬನ್ನಿ.

ಪ್ರಶ್ನೆ: ಕ್ರೈಸ್ಟ್‌ಚರ್ಚ್‌ನಲ್ಲಿದ್ದೇನೆ. ಆಫೀಸು 14 ಕಿ.ಮೀ. 2013ರ ನಿಸ್ಸಾನ್ ಲೀಫ್ ವಿದ್ಯುತ್ ಕಾರು ಅಗ್ಗಕ್ಕೆ ಸಿಗುತ್ತಿದೆ. ಬ್ಯಾಟರಿಯ ಸಾಮರ್ಥ್ಯ ತೋರಿಸುವ, ಮೀಟರ್ ಮೇಲಿನ ಪಟ್ಟಿಗಳು ಹನ್ನೆರಡಕ್ಕೆ ಹನ್ನೆರಡೂ ಇವೆ. ತಗೊಳ್ಳಬಹುದಾ?

ಉತ್ತರ: ಆ ವಯಸ್ಸಿಗೆ ಹನ್ನೆರಡೂ ಇದ್ದರೆ ನನಗೆ ಖುಷಿಗಿಂತ ಅನುಮಾನವೇ ಜಾಸ್ತಿ. ಲೀಫ್‌ನ ಬ್ಯಾಟರಿಗೆ ತಂಪಾಗಿಸುವ ವ್ಯವಸ್ಥೆ ಇಲ್ಲ, ಹಾಗಾಗಿ ವರ್ಷ ಕಳೆದಂತೆ ಕುಗ್ಗುತ್ತದೆ. ಮೊದಲ ಪಟ್ಟಿ ಹೋಗುವ ಹೊತ್ತಿಗೆ ಸುಮಾರು ಶೇ 15 ಸಾಮರ್ಥ್ಯ ಹೋಗಿರುತ್ತದೆ. ಪಟ್ಟಿಗಳನ್ನು ಕಂಪ್ಯೂಟರಿನಿಂದ ಮರುಹೊಂದಿಸಿ ಮೋಸ ಮಾಡಲೂ ಆಗುತ್ತದೆ. ಲೀಫ್‌ಸ್ಪೈ ಅನ್ನುವ ಆ್ಯಪ್, ಕಾರಿನ ಕಂಪ್ಯೂಟರಿನ ಮಾಹಿತಿಯನ್ನು ಫೋನಿಗೆ ಕಳಿಸುವ ಒಂದು ಚಿಕ್ಕ ಒಬಿಡಿ ಡಾಂಗಲ್ ತಗೊಂಡು ಬ್ಯಾಟರಿಯ ಆರೋಗ್ಯ ನೀವೇ ನೋಡಿ. ಆಮೇಲೆ ಇಪ್ಪತ್ತು ಕಿ.ಮೀ. ಓಡಿಸಿ ಚಾರ್ಜ್ ಎಷ್ಟು ಇಳಿಯಿತು ಲೆಕ್ಕ ಹಾಕಿ. ಹೊಸದಿದ್ದಾಗಲೇ ಆ 24 ಕಿಲೋವ್ಯಾಟ್ ಅವರ್ ಮಾದರಿ ಓಡುತ್ತಿದ್ದದ್ದು ಸುಮಾರು 120 ಕಿ.ಮೀ. ನಿಮ್ಮ 28 ಕಿ.ಮೀ. ಓಡಾಟಕ್ಕೆ ಒಂಬತ್ತು ಪಟ್ಟಿಯ ಕಾರೂ ಸಾಕು, ಬೆಲೆ ಅದಕ್ಕೆ ತಕ್ಕ ಹಾಗಿರಲಿ.

2024ರ ಏಪ್ರಿಲ್ 1ರಿಂದ ವಿದ್ಯುತ್ ಕಾರಿಗೂ ರಸ್ತೆ ಬಳಕೆ ಶುಲ್ಕ ಬಂದಿದೆ. ಜಾರಿಗೆ ಬಂದಾಗ 1,000 ಕಿ.ಮೀ.ಗೆ 76 ಡಾಲರ್ ಇತ್ತು. ಇದನ್ನು ಮುಂಚೆಯೇ ಕಟ್ಟಬೇಕು. ಕಾರಿನ ಜೊತೆ ಜಪಾನಿನ ಚಾರ್ಜಿಂಗ್ ಕೇಬಲ್ ಕೊಟ್ಟರೆ ಅದಕ್ಕೆ ಪ್ಲಗ್ ಬದಲಿಸಿ ಬಳಸಬೇಡಿ. ಜಪಾನಿನ ಮನೆಯ ಕರೆಂಟು 100 ವೋಲ್ಟ್, ನಿಮ್ಮದು 230.

ಪ್ರಶ್ನೆ: ಟೆಕ್ಸಸ್‌ನಲ್ಲಿದ್ದೇನೆ. ಕಾಲೇಜು ದಿನಗಳಿಂದ 1997ರ ಹೋಂಡಾ ಸಿವಿಕ್ ಟೈಪ್ ಆರ್ ಹ್ಯಾಚ್‌ಬ್ಯಾಕ್ ಮೇಲೆ ಆಸೆ. ಈಗ ತರಿಸಬಹುದು ಅಂತಾರೆ. ಬಲಗಡೆ ಸ್ಟೀರಿಂಗ್ ಇಟ್ಟುಕೊಂಡು ಇಲ್ಲಿ ಓಡಿಸೋದು ಕಷ್ಟವಾ?

ಉತ್ತರ: ತರಿಸಬಹುದು. ಅಮೆರಿಕದಲ್ಲಿ, ತಯಾರಾಗಿ 25 ವರ್ಷ ತುಂಬಿದ ಕಾರಿಗೆ ಅಲ್ಲಿನ ಸುರಕ್ಷತಾ ನಿಯಮಗಳಿಂದ ವಿನಾಯಿತಿ ಇದೆ. ಲೆಕ್ಕ ತಿಂಗಳ ಸಮೇತ, ಅದೂ ತಯಾರಾದ ತಿಂಗಳು. ಮುಂದೆ ಕ್ಯಾಲಿಫೋರ್ನಿಯಾಕ್ಕೆ ಮನೆ ಬದಲಿಸುವ ಯೋಚನೆ ಇದ್ದರೆ ಮಾತ್ರ ಈಗಲೇ ಕೈಬಿಡಿ. ಅಲ್ಲಿ ಹೊಗೆ ನಿಯಮ ಬೇರೆಯೇ. 25 ವರ್ಷ ಆಯಿತು ಅಂತ ಅವರು ಬಿಡುವುದಿಲ್ಲ, ಪ್ರಯೋಗಾಲಯದ ಪರೀಕ್ಷೆಗೆ ಕೈ ಸುಡುತ್ತದೆ.

ಓಡಿಸುವುದಕ್ಕಿಂತ ಕಷ್ಟ ಅಸಲಿ ಕಾರು ಹುಡುಕುವುದು. 1.6 ಲೀಟರಿನಲ್ಲಿ ಟರ್ಬೋ ಇಲ್ಲದೆ 185 ಕುದುರೆ ಶಕ್ತಿ, ಅದೂ 8,200 ಆರ್‌ಪಿಎಂನಲ್ಲಿ. ಅದಕ್ಕೇ ಅಷ್ಟು ಬೆಲೆ, ಅದಕ್ಕೇ ಅಷ್ಟು ನಕಲಿ. ಸಾಮಾನ್ಯ ಸಿವಿಕ್‌ಗೆ ಕೆಂಪು ರೆಕಾರೋ ಸೀಟು ಹಾಕಿ, ಕೆಂಪು ಲಾಂಛನ ಅಂಟಿಸಿ ಮಾರುವವರಿದ್ದಾರೆ. ಚಾಸಿ ನಂಬರ್ 'ಇಕೆ9' ಅಂತ ಶುರುವಾಗಬೇಕು. ಇಲ್ಲದಿದ್ದರೆ ಅದು ವೇಷ. ಹಿಂದಿನ ಚಕ್ರದ ಮೇಲಿನ ಕಮಾನಿನಲ್ಲಿ ತುಕ್ಕು ನೋಡಿ, ಈ ಸಿವಿಕ್‌ಗಳಿಗೆ ಅದು ಹುಟ್ಟುಗುಣ.

ಬಲಗಡೆ ಕೂರುವುದು ಊರಲ್ಲಿ ಓಡಿಸಿದ ನಿಮಗೆ ವಾರದಲ್ಲಿ ರೂಢಿಯಾಗುತ್ತದೆ. ತೊಂದರೆ ಇರುವುದು ಎರಡು ಲೇನಿನ ರಸ್ತೆಯಲ್ಲಿ ಲಾರಿ ಹಿಂದೆ ಸಿಕ್ಕಾಗ. ಮುಂದೆ ಏನು ಬರುತ್ತಿದೆ ಕಾಣುವುದೇ ಇಲ್ಲ. ದೂರ ಬಿಟ್ಟು ಹಿಂದೆ ಬನ್ನಿ, ಒಬ್ಬರೇ ಇದ್ದರೆ ಓವರ್‌ಟೇಕ್ ಆಸೆ ಬಿಡಿ. ಹೆಡ್‌ಲೈಟ್ ಬದಲಿಸುವುದನ್ನು ಮರೆಯಬೇಡಿ. ಜಪಾನಿನ ದೀಪದ ಬೆಳಕು ಎಡಗಡೆ ಅಂಚಿಗೆ ಎತ್ತರವಾಗಿ ಬೀಳುತ್ತದೆ. ಅಮೆರಿಕದಲ್ಲಿ ಅದು ಸೀದಾ ಎದುರಿನವರ ಕಣ್ಣಿಗೆ.

ಪ್ರಶ್ನೆ: ಜಪಾನಿನ ಹರಾಜಿನಲ್ಲಿ 2008ರ ಸ್ವಿಫ್ಟ್ ಸ್ಪೋರ್ಟ್ ಎಷ್ಟು ಅಗ್ಗ! ಬೆಂಗಳೂರಿಗೆ ತರಿಸಿಕೊಳ್ಳಬಹುದಾ? ಸ್ಟೀರಿಂಗ್ ಹೇಗೂ ಬಲಗಡೆಯೇ ಇದೆಯಲ್ಲ.

ಉತ್ತರ: ಆಗುವುದಿಲ್ಲ. ಭಾರತಕ್ಕೆ ತರುವ ಹಳೆ ಕಾರು ತಯಾರಾಗಿ ಮೂರು ವರ್ಷ ಮೀರಿರಬಾರದು, ಬರಬೇಕಾದ್ದು ಮುಂಬೈ ಬಂದರಿಗೆ ಮಾತ್ರ. ಮೂರು ವರ್ಷದೊಳಗಿನದನ್ನು ತಂದರೂ ಸುಂಕ ಕೇಳಿದರೆ ಆಸೆ ಇಳಿದುಹೋಗುತ್ತದೆ. 'ಪೇಪರ್ ಎಲ್ಲ ನಾವು ಮಾಡಿಸ್ತೀವಿ' ಅನ್ನುವವರು ಸಿಕ್ಕರೆ ಅವರ ನಂಬರ್ ಅಳಿಸಿ.

ಪ್ರಶ್ನೆ: ವೆಲ್ಲಿಂಗ್ಟನ್‌ನಲ್ಲಿ ಫಿಟ್ ಕೊಂಡೆ. ಸ್ಟಾರ್ಟ್ ಮಾಡಿದಾಗಲೆಲ್ಲ ಒಬ್ಬ ಹೆಂಗಸು ಜಪಾನಿಯಲ್ಲಿ ಏನೋ ಹೇಳುತ್ತಾಳೆ. ಏನಾದರೂ ಕೆಟ್ಟಿದೆಯಾ? ರೇಡಿಯೋದಲ್ಲೂ ಒಂದೆರಡು ಸ್ಟೇಷನ್ ಮಾತ್ರ.

ಉತ್ತರ: ಏನೂ ಕೆಟ್ಟಿಲ್ಲ. "ಇಟಿಸಿ ಕಾರ್ಡ್ ಹಾಕಿಲ್ಲ" ಅಂತ ಆಕೆಯ ದೂರು. ನಮ್ಮ ಫಾಸ್ಟ್ಯಾಗ್ ಥರ, ಜಪಾನಿನ ಟೋಲ್‌ಗೆ ಇರುವ ಚಿಕ್ಕ ಪೆಟ್ಟಿಗೆ ಅದು. ಡ್ಯಾಶ್‌ಬೋರ್ಡಿನ ಕೆಳಗೋ ಗ್ಲೋವ್ ಬಾಕ್ಸಿನಲ್ಲೋ ಇರುತ್ತದೆ. ಎಲೆಕ್ಟ್ರಿಷಿಯನ್ ಹತ್ತಿರ ವೈರ್ ಬಿಡಿಸಿದರೆ ಬಾಯಿ ಮುಚ್ಚುತ್ತದೆ.

ರೇಡಿಯೋ ಕಥೆ ಬೇರೆ. ಜಪಾನಿನ ಹಳೆಯ ಎಫ್‌ಎಂ 76ರಿಂದ 90 ಮೆಗಾಹರ್ಟ್ಸ್, ನಿಮ್ಮಲ್ಲಿ 88ರಿಂದ 108. ನಡುವೆ ಸಿಗುವುದು ಆ ಚೂರು ಜಾಗ ಮಾತ್ರ. ಬ್ಯಾಂಡ್ ಎಕ್ಸ್‌ಪಾಂಡರ್ ಅಂತ ಬರುತ್ತದೆ, ಏರಿಯಲ್ ವೈರಿಗೆ ಸೇರಿಸುತ್ತಾರೆ. ಇನ್ನಷ್ಟು ಸ್ಟೇಷನ್ ಬರುತ್ತವೆ, ಸ್ಕ್ರೀನ್ ಮೇಲಿನ ಸಂಖ್ಯೆ ಮಾತ್ರ ತಪ್ಪು ತೋರಿಸುತ್ತದೆ. ನನ್ನ ಕೇಳಿದರೆ ಇಡೀ ಸೆಟ್ಟನ್ನೇ ಬದಲಿಸಿ ಆಂಡ್ರಾಯ್ಡ್ ಆಟೋ ಇರುವುದು ಹಾಕಿಸಿ. ಹೇಗೂ ಆ ನ್ಯಾವಿಗೇಷನ್‌ಗೆ ಗೊತ್ತಿರುವುದು ಜಪಾನಿನ ದಾರಿ ಮಾತ್ರ. ಹಳೆ ಸೆಟ್ ಇಟ್ಟುಕೊಳ್ಳುತ್ತೀರಾದರೆ, ಬ್ಯಾಟರಿ ಬದಲಿಸುವ ದಿನ ಕರೆಂಟು ಹೋಗದ ಹಾಗೆ ಇನ್ನೊಂದು ಬ್ಯಾಟರಿ ಜೋಡಿಸಿಕೊಂಡು ಕೆಲಸ ಮಾಡಲು ಹೇಳಿ. ಕರೆಂಟು ತಪ್ಪಿದರೆ ಕೆಲವು ಸೆಟ್‌ಗಳು ಕೋಡ್ ಕೇಳಿ ಕೂತುಬಿಡುತ್ತವೆ. ಆ ಕೋಡ್ ಇಟ್ಟವರು ಜಪಾನಿನಲ್ಲಿ ಎಲ್ಲಿದ್ದಾರೋ!