ಕಲಬುರಗಿಯ ಹಳೆಯ ದಿನಪತ್ರಿಕೆ ಯಾರದಿತ್ತು ಅಂತ ಪತ್ತೆ ಹಚ್ಚೋದು ಹೇಗೆ?

ನಿಮ್ಮ ಅಜ್ಜ ಕಲಬುರಗಿಯ ಒಂದು ದಿನಪತ್ರಿಕೆಗೆ ಸುದ್ದಿ ಬರೀತಿದ್ದರು, ಅದರ ನಾಲ್ಕಾರು ಸಂಚಿಕೆ ಮನೇಲಿವೆ, ಪತ್ರಿಕೆ ಯಾರದು, ಯಾವಾಗ ಶುರುವಾಯ್ತು ಅಂತ ಕೇಳಿದ್ದೀರಿ. ನಾನು ಇದೇ ಊರಿನ ಪತ್ರಿಕೆಗಳಲ್ಲಿ ಡೆಸ್ಕ್ ಕೆಲಸ ಮಾಡಿದ್ದೀನಿ. ಯಾರನ್ನೂ ಕೇಳೋಕೆ ಮುಂಚೆ ಆ ಸಂಚಿಕೆಗಳಲ್ಲಿರೋ ಸಣ್ಣಕ್ಷರಗಳನ್ನ ಓದಿ.

ಕೊನೇ ಪುಟದ ತಳದಲ್ಲಿ ‘ಮಾಲೀಕರ ಪರವಾಗಿ ಮುದ್ರಿಸಿ ಪ್ರಕಟಿಸಿದವರು’ ಅಂತ ಒಂದು ಸಾಲು ಇರುತ್ತೆ. ಮಾಲೀಕರು, ಸಂಪಾದಕರು, ಮುದ್ರಕರು, ಪ್ರಕಾಶಕರು, ಅಚ್ಚಾದ ಪ್ರೆಸ್ಸು ಎಲ್ಲ ಅಲ್ಲೇ. 1867ರ ಪತ್ರಿಕಾ ಕಾಯ್ದೆ ಪ್ರಕಾರ ಈ ಹೆಸರುಗಳನ್ನ ಪ್ರತಿ ಸಂಚಿಕೆಯಲ್ಲೂ ಹಾಕಲೇಬೇಕಿತ್ತು. ಸಣ್ಣ ಪತ್ರಿಕೆಗಳಲ್ಲಿ ಬಹುಪಾಲು ಈ ನಾಲ್ಕೂ ಒಬ್ಬರೇ ಆಗಿರ್ತಾರೆ. ಬೇರೆಬೇರೆ ವರ್ಷದ ಸಂಚಿಕೆಗಳನ್ನ ಪಕ್ಕಪಕ್ಕ ಇಟ್ಟು ನೋಡಿ, ಹೆಸರು ಬದಲಾಗಿದ್ರೆ ಪತ್ರಿಕೆ ಕೈ ಬದಲಾದ ಕಾಲ ಅಂದಾಜು ಸಿಗುತ್ತೆ.

ಇನ್ನು ಶೀರ್ಷಿಕೆ ಕೆಳಗಿನ ‘ಸಂಪುಟ, ಸಂಚಿಕೆ’ ನೋಡಿ, ಸಾಮಾನ್ಯವಾಗಿ ವರ್ಷಕ್ಕೊಂದು ಸಂಪುಟ. 1985ರ ಸಂಚಿಕೆ ಮೇಲೆ ಸಂಪುಟ 18 ಅಂತಿದ್ರೆ ಪತ್ರಿಕೆ ಹುಟ್ಟಿದ್ದು 1967–68ರ ಆಸುಪಾಸು. ಆರ್‌ಎನ್‌ಐ (ಪತ್ರಿಕೆಗಳನ್ನ ನೋಂದಾಯಿಸೋ ಕೇಂದ್ರ ಕಚೇರಿ) ಕೊಟ್ಟ ನೋಂದಣಿ ಸಂಖ್ಯೆಯಲ್ಲೂ ವರ್ಷ ಇರುತ್ತೆ, ಹಳೆಯವುಗಳಲ್ಲಿ ಓರೆಗೆರೆ ಆದಮೇಲೆ ‘57’, ‘68’ ಹೀಗೆ. ಆದರೆ ಆ ಕಚೇರಿ ಶುರುವಾಗಿದ್ದೇ 1956ರ ಜುಲೈನಲ್ಲಿ. ಹಾಗಾಗಿ ‘57’ ಅಂತಿದ್ರೆ ಪತ್ರಿಕೆ ಅದಕ್ಕೂ ಮೊದಲೇ ಹೊರಡ್ತಿದ್ದಿರಬಹುದು.

ನನ್ನ ಲೆಕ್ಕದಲ್ಲಿ ಎಲ್ಲಕ್ಕಿಂತ ಬೆಲೆಬಾಳೋದು ಮಾರ್ಚ್ ಮೊದಲ ದಿನಗಳ ಸಂಚಿಕೆ. ಫೆಬ್ರವರಿ ಮುಗಿದ ಮೇಲಿನ ಮೊದಲ ಸಂಚಿಕೆಯಲ್ಲಿ ‘ನಮೂನೆ 4 (ನಿಯಮ 8 ನೋಡಿ)’ ಅನ್ನೋ ಪ್ರಕಟಣೆ ಹಾಕಬೇಕು ಅಂತ 1956ರ ನಿಯಮ ಇತ್ತು. ಮಾಲೀಕರ ಹೆಸರು, ವಿಳಾಸದ ಜತೆ ಬಂಡವಾಳದಲ್ಲಿ ಶೇ 1ಕ್ಕಿಂತ ಹೆಚ್ಚು ಪಾಲಿರೋ ಪ್ರತಿಯೊಬ್ಬರ ಹೆಸರೂ ಅದರಲ್ಲಿರುತ್ತೆ, ಕೆಳಗೆ ಪ್ರಕಾಶಕರ ಸಹಿ. ಓದುಗರು ಹಾಗೇ ಪುಟ ತಿರುವಿ ಹಾಕೋ ಈ ಚೌಕಟ್ಟಿನೊಳಗೇ ನೀವು ಕೇಳಿದ್ದಕ್ಕೆ ಉತ್ತರ ಇದೆ.

ಒಂದು ಎಚ್ಚರ ಇರಲಿ. ಕಲಬುರಗಿಯಲ್ಲಿ ಅಚ್ಚಾಗೋ ಪತ್ರಿಕೆಗಳೆಲ್ಲ ಕಲಬುರಗಿಯವರದಲ್ಲ. ‘ಸಂಯುಕ್ತ ಕರ್ನಾಟಕ’ದ ಕಲಬುರಗಿ ಆವೃತ್ತಿ ಇದೆ, ಒಡೆತನ ಲೋಕ ಶಿಕ್ಷಣ ಟ್ರಸ್ಟಿನದು. ಹೆಸರು ಹಾಗೇ ಉಳಿದು ಒಡೆಯರು ಬದಲಾಗೋದೂ ಉಂಟು. ವಿಜಯ ಸಂಕೇಶ್ವರರು ಕಟ್ಟಿದ ‘ವಿಜಯ ಕರ್ನಾಟಕ’ 2006ರಲ್ಲಿ ಟೈಮ್ಸ್ ಗುಂಪಿಗೆ ಹೋಯ್ತು, 2012ರಲ್ಲಿ ಅವರು ‘ವಿಜಯವಾಣಿ’ ಶುರುಮಾಡಿದರು.

ಸಂಚಿಕೆಯಲ್ಲಿ ಏನೂ ಸಿಗದಿದ್ರೆ ಜಿಲ್ಲಾಧಿಕಾರಿ ಕಚೇರಿಗೆ ಮಾಹಿತಿ ಹಕ್ಕಿನಡಿ ಅರ್ಜಿ ಹಾಕಿ. 2024ರ ಮಾರ್ಚ್‌ನಲ್ಲಿ ಹೊಸ ಕಾಯ್ದೆ ಬರೋವರೆಗೂ ಪತ್ರಿಕೆ ಶುರುಮಾಡೋರು ಜಿಲ್ಲಾ ಮ್ಯಾಜಿಸ್ಟ್ರೇಟರ (ಅಂದ್ರೆ ಜಿಲ್ಲಾಧಿಕಾರಿ) ಮುಂದೆ ಘೋಷಣೆ ಕೊಡಬೇಕಿತ್ತು, ಮಾಲೀಕರು ಬದಲಾದಾಗಲೂ ಹೊಸದಾಗಿ. ಯಾದಗಿರಿ, ಸುರಪುರ, ಶಹಾಪುರದ ಪತ್ರಿಕೆಯಾದ್ರೂ ಜಿಲ್ಲೆ ಬೇರೆಯಾಗೋಕೆ ಮುಂಚಿನದಾದ್ರೆ ಕಲಬುರಗಿಯಲ್ಲೇ ಕೇಳಿ.

ದಯವಿಟ್ಟು ಆ ಸಂಚಿಕೆಗಳನ್ನ ರದ್ದಿಗೆ ಹಾಕಬೇಡಿ, ಲ್ಯಾಮಿನೇಟ್ ಮಾಡಿಸಲೂಬೇಡಿ. ಹಳೇ ನ್ಯೂಸ್‌ಪ್ರಿಂಟ್ ಮಡಿಕೆಯಲ್ಲೇ ಪುಡಿಯಾಗುತ್ತೆ, ಮಡಚದೆ ಹರವಿಟ್ಟು ಪ್ರತಿ ಪುಟದ ಫೋಟೊ ತೆಗೀರಿ. ಮಾಲೀಕರು ತೀರಿಕೊಂಡ ಮೇಲೆ ಬೈಂಡ್ ಮಾಡಿಟ್ಟ ಫೈಲುಗಳೇ ತೂಕಕ್ಕೆ ಹೋದದ್ದನ್ನ ನೋಡಿದ್ದೀನಿ, ಈಗಲೂ ಹೊಟ್ಟೆ ಉರಿಯುತ್ತೆ. ನಿಮ್ಮಲ್ಲಿರೋದೇ ಉಳಿದಿರೋ ಪ್ರತಿ ಆಗಿರಬಹುದು. ಪತ್ರಿಕೆ ಹೆಸರು, ಕೊನೇ ಪುಟದ ಆ ಸಾಲು ಇಲ್ಲಿ ಬರೀರಿ, ಆ ಪ್ರೆಸ್ಸು ಯಾವ ಓಣಿಯಲ್ಲಿತ್ತು ಅಂತ ಹಳೇ ಅಚ್ಚುಮೊಳೆ ಜೋಡಿಸೋರನ್ನ ವಿಚಾರಿಸಿ ಹೇಳ್ತೀನಿ.